ಬೆಂಚಿನವಳ ಬಹುಮಾನ

ಹೊಸ ಅಂಗಿಯನ್ನು ಎಂದಾದರೂ ಒಳಗು ಹೊರಗು ಮಾಡಿ ನೋಡಿದ್ದೀರಾ, ಗೆಳೆಯರೇ? ಕೆಳ ಅಂಚಿನ ಒಳಮಗ್ಗುಲಿಗೆ ಒಂದು ಹೆಚ್ಚುವರಿ ಗುಂಡಿ ಹೊಲಿದಿರುತ್ತಾರೆ. ಎದೆಯ ಮೇಲೆ ಸಾಲಾಗಿ ಮೆರೆಯುವ ಗುಂಡಿಗಳದೇ ಬಣ್ಣ, ಅವುಗಳದೇ ಹೊಳಪು, ಅವುಗಳಷ್ಟೇ ತೂತು. ಆದರೂ ಪಾಪ, ಅದು ಪ್ಯಾಂಟಿನೊಳಗಿನ ಕತ್ತಲಲ್ಲಿ, ಮೇಲಿನವರಲ್ಲಿ ಯಾರಾದರೊಬ್ಬರು ಉದುರಲಿ ಎಂದು ಹಾರೈಸುತ್ತ ಆಯುಷ್ಯ ಸವೆಸಬೇಕು. ಮಸ್ಕತ್ತಿನ ರೂವಿ ಬಡಾವಣೆಯ ನಮ್ಮ ಮನೆಯಲ್ಲಿ ಇಸ್ತ್ರಿ ಮಾಡುವಾಗಲೆಲ್ಲ ಆ ಗುಂಡಿಗೆ ನಾನೊಂದು ನಮಸ್ಕಾರ ಹಾಕುತ್ತೇನೆ. ಇಲ್ಲಿನ ನಮ್ಮ ಕನ್ನಡ ಬಳಗಕ್ಕೆ ನಾನೂ ಅಂಥದೇ ಗುಂಡಿ.

ನನ್ನ ಕಸುಬು ಕಚೇರಿಯಲ್ಲಿ ಕಡತ ದೂಡುವುದು. ನನ್ನ ಚಟ ಕಂಡವರ ದನಿ ಕದಿಯುವುದು. ನಮ್ಮ ವೀಸಾದ ಧಣಿ ಕಫೀಲನ ಕೆಮ್ಮು, ಟ್ಯಾಕ್ಸಿಯವನ ‘ಯಲ್ಲಾ ಯಲ್ಲಾ’, ಅಣ್ಣ ಫೋನಿನಲ್ಲಿ ಬಾಸಿಗೊಂದು ಹೆಂಡತಿಗೊಂದು ಎಂದು ಇಟ್ಟುಕೊಂಡಿರುವ ಎರಡು ವಿನಯಗಳು, ಎಲ್ಲವೂ ನನ್ನ ಗಂಟಲಲ್ಲಿ ಬಾಡಿಗೆಗಿವೆ. ಬಳಗದ ಸಮಾರಂಭದಲ್ಲಿ ಕುಣಿಯುವ ಮಕ್ಕಳು ಸೀರೆ ಬದಲಿಸುವುದು ತಡವಾದರೆ, ಅತಿಥಿಯ ಕಾರು ದಾರಿ ತಪ್ಪಿದರೆ, ಯಾರೋ ಬೆನ್ನಿಗೆ ಕೈಯಿಟ್ಟು, “ಹೋಗು ಮಾರಾಯ, ಎರಡು ನಿಮಿಷ ಎಂತಾದ್ರೂ ಮಾಡು” ಎಂದು ನನ್ನನ್ನು ವೇದಿಕೆಗೆ ದೂಡುತ್ತಾರೆ. ಜನ ನಗತೊಡಗಿದ ಹೊತ್ತಿಗೆ ಸರಿಯಾಗಿ ಪರದೆಯ ಮರೆಯಿಂದ, “ಖಲಾಸ್, ಬಾ ಬಾ!” ಆಮಂತ್ರಣ ಪತ್ರಿಕೆಯಲ್ಲಿ ಪಾಯಸದ ಹೆಸರೂ ಇರುತ್ತದೆ, ನನ್ನದಿರುವುದಿಲ್ಲ.

ಇಂಥ ನನ್ನ ಹೊಟ್ಟೆಗೆ ಕಿಚ್ಚಿಟ್ಟವರು ಸುಮಿತ್ರತ್ತಿಗೆ, ಅಣ್ಣನ ಹೆಂಡತಿ. ಮೈಸೂರಿನವರು, ಕಾಲೇಜಿನಲ್ಲಿ ಬ್ಯಾಸ್ಕೆಟ್‌ಬಾಲ್ ಆಡಿದವರು. ಖುರುಮಿನ ಕಚೇರಿಗೆ ಹೊರಡುವ ಮುನ್ನ ದೋಸೆ ಹುಯ್ಯುತ್ತಲೇ ಅಮೆರಿಕದ ಹೆಂಗಸರ ವೃತ್ತಿಪರ ಪಂದ್ಯಗಳನ್ನು ಫೋನಿನಲ್ಲಿ ನೋಡುವವರು. ಅಲ್ಲಿ ವರ್ಷಕ್ಕೊಮ್ಮೆ ಬದಲಿ ಆಟಗಾರ್ತಿಗೆಂದೇ ಒಂದು ಪ್ರಶಸ್ತಿಯಿದೆ ಎಂದು ಅವರೇ ಹೇಳಿದ್ದು. ಮೊದಲು ಕಣಕ್ಕಿಳಿಯುವವರು ಐವರು. ಬೆಂಚಿನಿಂದೆದ್ದು ಬಂದು ಆಟದ ದಿಕ್ಕನ್ನೇ ತಿರುಗಿಸುವ ಆರನೆಯವಳಿಗೆ ಆ ಗೌರವ. ಮೊದಲಿಂದಲೇ ಆಡಿದ ಪಂದ್ಯಗಳಿಗಿಂತ ಬೆಂಚಿನಿಂದ ಎದ್ದು ಬಂದ ಪಂದ್ಯಗಳೇ ಹೆಚ್ಚಿದ್ದರೆ ಮಾತ್ರ ಅವಳು ಅರ್ಹಳಂತೆ. ನೋಡಿ ಅನ್ಯಾಯ! ಕೂತದ್ದೇ ಅಲ್ಲಿ ಯೋಗ್ಯತೆ. ದೋಸೆ ನನ್ನ ಗಂಟಲಲ್ಲೇ ಬೆಂಚು ಹಾಕಿ ಕೂತಿತು. ಕಾಣದ ದೇಶದ, ಹೆಸರರಿಯದ, ನನಗಿಂತ ಒಂದಡಿ ಎತ್ತರದ ಹೆಂಗಸೊಬ್ಬಳ ಮೇಲೆ ಗಂಡಸೊಬ್ಬ ಇಷ್ಟು ಕರುಬಿದ್ದು ಪುರಾಣಗಳಲ್ಲೂ ಇರಲಾರದು.

ಆದರೆ ಮತ್ಸರವೆಂಬುದು ಸೋಮಾರಿ ಪ್ರಯಾಣಿಕ. ದೂರದೂರಿಗೆಂದು ಹೊರಟದ್ದು ಪಕ್ಕದ ಕೋಣೆಯಲ್ಲೇ ಚಾಪೆ ಹಾಸಿಬಿಡುತ್ತದೆ. ಬಳಗದ ಹೆಂಗಸರ ಬ್ಯಾಸ್ಕೆಟ್‌ಬಾಲ್ ಪಂದ್ಯಾವಳಿಗೆ ಅತ್ತಿಗೆಯನ್ನು, ವಯಸ್ಸಾಯಿತೆಂದು, ಬದಲಿಯಾಗಿ ಆರಿಸಿದರು. ಅವರು ಮುನಿಸಿಕೊಳ್ಳಲಿಲ್ಲ, “ಹಾಗಾದ್ರೆ ಬೆಂಚಿನವರಿಗೂ ಒಂದು ಕಪ್ಪಿಡಿ” ಎಂದರು. ಇಟ್ಟೇಬಿಟ್ಟರು! ಇಷ್ಟು ವರ್ಷ ಬಳಗದ ಒಳಮಡಿಕೆಯಲ್ಲಿ ತೂಗಿದ ನನಗೆ ಬಾಯಿಬಿಟ್ಟು ಕೇಳಬಹುದೆಂದೇ ಹೊಳೆದಿರಲಿಲ್ಲ. ಕ್ರೀಡಾ ಕಾರ್ಯದರ್ಶಿ ರಿತೇಶ, ಮಸ್ಕತ್ತಿನಲ್ಲೇ ಹುಟ್ಟಿ ಬೆಳೆದ ಹುಡುಗ, ಫೋನ್ ಮಾಡಿದ: “ಬ್ರೋ, ಅವಾರ್ಡಿಗೆ ಒಂದು ಕ್ಯಾಚಿ ಕನ್ನಡ ನೇಮ್ ಕೊಡು.”

ಉರಿಯುತ್ತಿದ್ದ ಹೊಟ್ಟೆ ಉತ್ತರಿಸಿತು: “ಆಟಕ್ಕುಂಟು ಲೆಕ್ಕಕ್ಕಿಲ್ಲ ಅಂತ ಇಡು.”

ಅಳುವ ಚಿಕ್ಕ ಮಕ್ಕಳನ್ನು ಸಮಾಧಾನಕ್ಕೆ ಆಟಕ್ಕೆ ಸೇರಿಸಿಕೊಂಡು, ಅವರು ಔಟಾದರೂ ಕೇಳದೆ ಗೆದ್ದರೂ ಕೇಳದೆ ಬಿಡುತ್ತೇವಲ್ಲ, ಆ ಮಾತು. ಅವನೂ ನಕ್ಕ, ನಾನೂ ನಕ್ಕೆ. ಅವನ ನಗು ಬೇರೆಯದೆಂದು ನನಗೆ ಗೊತ್ತಾಗಲಿಲ್ಲ.

ಶುಕ್ರವಾರ ಸಂಜೆ ಫೈನಲ್. ವೀಕ್ಷಕ ವಿವರಣೆ ಕೊಡಬೇಕಾದವರ ಕಾರು ದೂರದ ಸುವೈಕ್ ಊರಿನಲ್ಲಿ ಕೆಟ್ಟು ನಿಂತಿತ್ತು. ಮೈಕು ಯಥಾಪ್ರಕಾರ ನನ್ನ ಕೈಗೆ ಬಂತು. ಅತ್ತಿಗೆಯ ತಂಡ ಅರ್ಧ ಆಟ ಸೋಲುತ್ತಲೇ ಇತ್ತು. ಆಮೇಲೆ ಅವರು ಬೆಂಚಿನಿಂದೆದ್ದರು. ನೆಗೆಯಲಿಲ್ಲ, ಹಾರಲಿಲ್ಲ, ಸಾರಿಗೆ ಉಪ್ಪು ಹಾಕುವ ನಿಶ್ಚಿಂತೆಯಲ್ಲಿ ಚೆಂಡು ಹಾಕಿದರು, ಹನ್ನೊಂದು ಪಾಯಿಂಟು. ತಂಡ ಗೆದ್ದಿತು. ಬದಲಿಯವರ ಬಹುಮಾನವೂ ಅವರಿಗೇ ಎಂದು ಕೂಗಲು ಕಪ್ಪನ್ನೆತ್ತಿಕೊಂಡೆ; ಅದರ ಹೊಟ್ಟೆಯ ಮೇಲೆ, ಚಿನ್ನದ ಬಣ್ಣದಲ್ಲಿ, ‘ಆಟಕ್ಕುಂಟು ಲೆಕ್ಕಕ್ಕಿಲ್ಲ ಪ್ರಶಸ್ತಿ’.

“ಎಂತ ಮಾಡಿದ್ಯಾ ರಿತೇಶ?” ಎಂದು ಪಿಸುಗುಟ್ಟಿದೆ.

“ಕರೆಕ್ಟಿದೆಯಲ್ಲ ಬ್ರೋ? ಆಟಕ್ಕುಂಟು, ಫಸ್ಟ್ ಫೈವ್ ಪ್ಲೇಯರ್ಸ್‌ನ ಲೆಕ್ಕಕ್ಕಿಲ್ಲ. ಸೂಪರ್ ಡೆಫಿನಿಷನ್!”

ಸತ್ಯವಾಗಿ ಹೇಳುತ್ತೇನೆ, ಕಂಡವರ ದನಿಯೆಲ್ಲ ಬರುವ ನನಗೆ ಆ ಕ್ಷಣ ನನ್ನ ದನಿಯೇ ಬರಲಿಲ್ಲ. ಹೆಸರನ್ನಷ್ಟೇ ಕೂಗಿ, ಬರಹವನ್ನು ಅಂಗೈಯಿಂದ ಮುಚ್ಚಿ ಕಪ್ಪು ಕೊಟ್ಟೆ. ಅತ್ತಿಗೆ ನನ್ನ ಬೆರಳುಗಳನ್ನು ಒಂದೊಂದಾಗಿ ಸರಿಸಿ ಓದಿದರು. ಬೆವರಿನ ಮುಖದಲ್ಲಿದ್ದ ನಗು ಆರಿತು. ಮೊದಲ ಸಾಲಿನವರು ಕತ್ತು ಚಾಚಿ ಓದಿಕೊಂಡು ಗುಸುಗುಸು ಆರಂಭಿಸಿದರು. ದಿನಾ ನನಗೆ ದೋಸೆ ಹುಯ್ದ ಕೈಗಳು ಆ ಕಪ್ಪನ್ನು ಎಲ್ಲಿಡುವುದೆಂದು ತಿಳಿಯದೆ ಹಿಡಿದಿದ್ದವು.

“ಇದು ನಿನ್ನ ಕನ್ನಡ ತಾನೇ?” ಎಂದರು, ಮೆಲ್ಲಗೆ. ನಾನು ಹೌದೆಂದು ತಲೆಯಾಡಿಸಿದೆ. “ಮೈಕ್ ಕೊಡು.”

ಕೊಟ್ಟೆ. ಅವರು ಗಂಟಲು ಕೆರೆದುಕೊಂಡರು, ಥೇಟ್ ನಾನು ಕೆರೆದುಕೊಳ್ಳುವ ಹಾಗೆ. ಆಮೇಲೆ ಆ ಮೈಸೂರಿನ ಹೆಂಗಸಿನ ಬಾಯಿಂದ ನಮ್ಮ ಕರಾವಳಿಯ ರಾಗದಲ್ಲಿ, ಕೊನೆಗೆ ಬಾಲವೆತ್ತುವ ನನ್ನ ದನಿ ಹೊರಟಿತು: “ಎಂತ ಹೇಳುದು ಮಾರಾಯ್ರೇ, ಪತ್ರಿಕೆಯಲ್ಲಿ ನನ್ನ ಹೆಸರೂ ಹಾಕಿ ಅಂತ ಕೇಳ್ಲಿಕ್ಕೆ ನಾಚಿಕೆ ಆಯ್ತು. ಅದಕ್ಕೆ ಅತ್ತಿಗೆಯ ಕಪ್ಪಲ್ಲಿ ನನ್ನ ಹೊಟ್ಟೆಕಿಚ್ಚು ಬರೆಸಿದೆ!”

ಅಂಗಳವೇ ಬಿದ್ದು ಬಿದ್ದು ನಕ್ಕಿತು. ನನ್ನ ಜನ್ಮದಲ್ಲಿ ನನಗೆ ಸಿಗದ ನಗು ಅದು; ನನ್ನದೇ ದನಿಗೆ, ಬೇರೆಯವರ ಬಾಯಲ್ಲಿ ಸಿಕ್ಕಿತು. ನಗು ಇಳಿದ ಮೇಲೆ ಅವರು ತಮ್ಮ ದನಿಯಲ್ಲೇ, “ಲೆಕ್ಕಕ್ಕಿಲ್ಲದವಳದ್ದು ಹನ್ನೊಂದು ಪಾಯಿಂಟು. ಬರ್ಕೊಳ್ಳಿ” ಎಂದು ಕಪ್ಪನ್ನು ತಲೆಯ ಮೇಲಕ್ಕೆತ್ತಿ, ಮೈಕನ್ನು ನನ್ನ ಕೈಗೆ ತುರುಕಿದರು.

ನಾನು ಯಾರನ್ನೂ ಅನುಕರಿಸದೆ, ನನ್ನ ಸ್ವಂತ ಗಂಟಲಿನಲ್ಲಿ, “ತಪ್ಪಾಯ್ತು ಅತ್ತಿಗೆ” ಎಂದೆ.

ಹಿಂದಿನ ಸಾಲಿನಿಂದ ಯಾರೋ ಕೂಗಿದರು: “ಅವರು ಮಾಡಿದಷ್ಟು ಚೆಂದ ಬರ್ಲಿಲ್ಲ ಮಾರಾಯ, ನೀನು ಕೂತ್ಕೋ!”