ಬೀಳುವ ಮೊದಲೇ ನಕ್ಕವಳು

ನೆದರ್ಲೆಂಡ್ಸಿನ ಎನ್ಸ್‌ಕೆಡೆಯ ವಿದ್ಯಾರ್ಥಿ ಸಿನಿಮಾ ಕೂಟದಲ್ಲಿ ಹಳೆಯ ಸ್ವೀಡಿಷ್ ಪ್ರೇಮ ಹಾಸ್ಯ ಚಿತ್ರವೊಂದನ್ನು ತೋರಿಸಿದರು. ಅದೇ ಕಥೆಯನ್ನು ಜರ್ಮನ್ ಭಾಷೆಯಲ್ಲೂ ತೆಗೆದಿದ್ದರಂತೆ. ಬೆನ್ನಿಗೇ ಅದನ್ನೂ ಹಾಕಿದರು. ಮುಂದೇನೆಂದು ಗೊತ್ತಿದ್ದ ನನ್ನ ಹುಬ್ಬಳ್ಳಿಯ ಗೆಳತಿ, ನಾಯಕ ಕೆರೆಗೆ ಬೀಳುವ ಮೊದಲೇ ನಕ್ಕಳು. ಆಗಷ್ಟೇ ಬಂದು ಮುಂದೆ ಕೂತಿದ್ದ ಕುಡುಕನೊಬ್ಬ, ತನ್ನನ್ನು ನೋಡಿಯೇ ನಕ್ಕಳೆಂದುಕೊಂಡು ಎದ್ದ. ಬಿಯರ್ ಬಾಟಲಿ ಒಡೆದು ಅವಳ ಕತ್ತಿಗೆ ಚುಚ್ಚಿದ. ಅಷ್ಟರಲ್ಲಿ ನಾಯಕ ಬಿದ್ದ. ನನ್ನ ಕಿರುಚಾಟ ಜನರ ನಗುವಿನಲ್ಲಿ ಯಾರಿಗೂ ಕೇಳಿಸಲಿಲ್ಲ. ಗಾಯವನ್ನು ಒತ್ತಿ ಹಿಡಿದೆ. ಬೆರಳ ಸಂದಿಯಿಂದ ಬಿಸಿ ರಕ್ತ ಉಕ್ಕುತ್ತಿತ್ತು.

“ಕೈ ತಗೀಬ್ಯಾಡ್ಲೇ, ಸಾಯ್ತೀನಿ,” ಎಂದಳು.

“ತೆಗೆಯಲ್ಲ ಕಣೇ, ಮಾತಾಡ್ಬೇಡ.”

ದೀಪ ಹತ್ತಿದ ಮೇಲೆ ನಾಲ್ಕಾರು ಜನ ಆ ಕುಡುಕನನ್ನು ನೆಲಕ್ಕೆ ಕೆಡವಿದರು. ಆಂಬುಲೆನ್ಸಿನವರು ಕೈ ಬಿಡಿ ಎಂದರೂ ನಾನು ಬಿಡಲಿಲ್ಲ; ಅವರೇ ಬೆರಳುಗಳನ್ನು ಬಿಡಿಸಬೇಕಾಯಿತು. ಅವಳು ಬದುಕಿದಳು. ಆ ಬಿಸಿ ಮಾತ್ರ ನನ್ನ ಅಂಗೈಯಿಂದ ಇನ್ನೂ ಹೋಗಿಲ್ಲ.