ಮನೆತನದ ಕಾಲಂ

ಜನನ ನೋಂದಣಿ ಕಚೇರಿಯ ಗುಮಾಸ್ತ ಒಂಟಿ ಜೀವ. ಮದುವೆಯ ಮಾತೆತ್ತಿದವರಿಗೆಲ್ಲ "ನೋಡೋಣ, ನೋಡೋಣ" ಎನ್ನುತ್ತಲೇ ಐವತ್ತೇಳು ದಾಟಿಸಿದ ಪುಣ್ಯಾತ್ಮ. ಅಕ್ಕ ತೀರಿಕೊಂಡ ಮೇಲೆ ಅವನನ್ನು ಏಕವಚನದಲ್ಲಿ ಕರೆಯುವವರೇ ಉಳಿಯಲಿಲ್ಲ.

ಅವನ ಮನೆತನದ ಹೆಸರಿಗೆ ದೀಪ ಹಚ್ಚುವವರು ಎಂದರ್ಥ. ಮುತ್ತಜ್ಜ ಸಂಜೆಯಾದರೆ ಏಣಿ ಹೆಗಲಿಗೇರಿಸಿಕೊಂಡು ಬೀದಿದೀಪ ಹಚ್ಚಲು ಹೊರಡುತ್ತಿದ್ದನಂತೆ. ಕರೆಂಟು ಬಂತು, ಏಣಿ ಒಲೆಗೆ ಹೋಯಿತು, ಹೆಸರು ಮಾತ್ರ ಉಳಿಯಿತು. ಅದೂ ತನ್ನ ಜೊತೆಗೇ ಮುಗಿದುಹೋಗುತ್ತದಲ್ಲ ಎಂದು ಅವನಿಗೆ ಒಳಗೊಳಗೇ ಸಂಕಟ.

ಆ ಕಚೇರಿಯಲ್ಲೊಂದು ರೂಢಿಯಿತ್ತು. ಆಸ್ಪತ್ರೆಯ ಮೆಟ್ಟಿಲ ಮೇಲೆ ಯಾರೋ ಬಿಟ್ಟುಹೋದ ಕೂಸಿನ ಕಾಗದ ಬಂದರೆ ಮನೆತನದ ಕಾಲಂ ಖಾಲಿ ಬಿಡುವಂತಿಲ್ಲ. ಬರೆಯುವ ಗುಮಾಸ್ತನೇ ಏನಾದರೂ ತುಂಬಬೇಕು. ಜಾಣರು ಎದುರಿನ ಅಂಗಡಿಯ ಬೋರ್ಡು ನೋಡಿ ಒಂದು ಹೆಸರು ಗೀಚಿ ಕೈ ತೊಳೆದುಕೊಳ್ಳುತ್ತಿದ್ದರು. ಇವನು ಕೆಲಸಕ್ಕೆ ಸೇರಿದ ನಾಲ್ಕನೇ ವರ್ಷ, ಒಂದೇ ಒಂದು ಸಲ, ಒಂದು ಹೆಣ್ಣುಕೂಸಿಗೆ, ತನ್ನ ಮನೆತನದ ಹೆಸರನ್ನೇ ಬರೆದುಬಿಟ್ಟ.

"ನಾಳೆ ಆಸ್ತಿ ಕೇಳ್ಕೊಂಡು ಬರ್ತಾಳೆ, ನೋಡ್ತಿರಿ!" ಎಂದು ಜೊತೆಯವರು ನಕ್ಕರು.

ಬರಲಿ ಬಿಡು ಎಂದುಕೊಂಡ. ಆಸ್ತಿಯಂತೆ ಆಸ್ತಿ! ಒಂದು ಮಂಚ, ಒಂದು ಟ್ರಂಕು, ಹಿಡಿ ಮುರಿದ ಒಂದು ಕಪ್ಪು.

ಆಮೇಲೆ? ಆಮೇಲೇನೂ ಇಲ್ಲ. ಕೂಸು ಬೆಳೆಯುತ್ತಿದ್ದ ಅನಾಥಾಲಯ ಎರಡೇ ಬೀದಿ ಆಚೆಗಿತ್ತು. ಒಂದು ಭಾನುವಾರ ಇಸ್ತ್ರಿ ಮಾಡಿದ ಅಂಗಿ ತೊಟ್ಟು ಗೇಟಿನವರೆಗೂ ಹೋದ. "ಯಾರು ಬೇಕಿತ್ತು?" ಎಂದು ಕಾವಲಿನವನು ಕೇಳಿದ್ದಕ್ಕೆ "ಯಾರೂ ಇಲ್ಲ" ಎಂದು ವಾಪಸು ಬಂದ. ಪುಕ್ಕಲ! ಮತ್ತೆ ಆ ಕಡೆ ತಲೆ ಹಾಕಲಿಲ್ಲ. ಆದರೂ ಊರಲ್ಲಿ ತನ್ನ ಹೆಸರಿನ ಇನ್ನೊಂದು ಜೀವವಿದೆ ಎಂಬುದೇ ಅವನಿಗಿದ್ದ ಸಮಾಧಾನ.

ಇಪ್ಪತ್ತಾರು ವರ್ಷವಾದ ಮೇಲೆ ಆ ಜೀವ ಅವನ ಕಿಟಕಿಗೇ ಬಂತು, ಹೆಸರು ಬದಲಾವಣೆಯ ಅರ್ಜಿ ಹಿಡಿದುಕೊಂಡು. ಅದರಲ್ಲಿ ತನ್ನ ಮನೆತನದ ಹೆಸರು ಕಂಡು ಅವನು ಎತ್ತಿದ ಮೊಹರನ್ನು ಕೆಳಗಿಟ್ಟ.

"ಯಾಕಮ್ಮಾ? ಒಳ್ಳೇ ಹೆಸರಲ್ವಾ? ದೀಪ ಹಚ್ಚೋರು ಅಂತ ಅರ್ಥ."

"ಇರ್ಬೋದು ಸಾರ್. ಕಾರಣ ಬರ್ದಿದೀನಿ, ಓದಿ."

ಓದಿದ. 'ಈ ಹೆಸರಿನವರು ಒಬ್ಬರೂ ಒಂದು ದಿನವೂ ನನ್ನನ್ನು ಬಂದು ನೋಡಿಲ್ಲ.'

ನಾನಿದ್ದೀನಮ್ಮಾ ಎನ್ನಬೇಕು. ಎಂದರೆ, ಇಷ್ಟು ದಿನ ಎಲ್ಲಿ ಹಾಳಾಗಿ ಹೋಗಿದ್ದೆ ಎಂದು ಕೇಳುವುದಿಲ್ಲವೇ? ಮೊಹರು ಒತ್ತಿ, ಯಾರಿಗೂ ಓದಲಾಗದ ಹಾಗೆ ಸಹಿ ಗೀಚಿ ಕೊಟ್ಟ.

"ಸಾರ್, ಸಹಿ ಕೆಳಗೆ ಪೂರ್ತಿ ಹೆಸರು ಬರೀಬೇಕಂತೆ. ಇಲ್ಲಾಂದ್ರೆ ವಾಪಸ್ ಕಳಿಸ್ತಾರೆ."

ಒಂದೊಂದೇ ಅಕ್ಷರ ಬಿಡಿಸಿ ಬರೆದ. ಅವಳು ಓದಿದಳು. ಇನ್ನೊಮ್ಮೆ ಓದಿ ತಲೆಯೆತ್ತಿದಳು.

"ನೀವಿಲ್ಲಿ ಎಷ್ಟು ವರ್ಷದಿಂದ ಇದೀರಿ?"

"ಮೂವತ್ತಾಯ್ತು."

"ಇದೇ ಊರಲ್ಲೇ?"

"ಹೂಂ. ಇಲ್ಲೇ."

ಅವಳು ಅರ್ಜಿಯನ್ನು ನೀಟಾಗಿ ಮಡಚಿಕೊಂಡು, ಅದನ್ನು ಸಲ್ಲಿಸುವ ಪಕ್ಕದ ಕಿಟಕಿಯ ಸಾಲಿಗೆ ಹೋಗಿ ನಿಂತಳು.