ಆಷಾಢದ ಮೂರನೆಯ ಸಾಲು

ಚಿನ್ನು, ಪುಟ್ಟಿ, ನಿಮ್ಮಮ್ಮನ ಕಾರಿನ ಎಡಬಾಗಿಲ ಮೇಲೆ ಉದ್ದಕ್ಕೆ ಒಂದು ಗೀರು ಇದೆಯಲ್ಲ, ಅದರ ಕತೆ ನಿಮಗೆ ಗೊತ್ತಿದೆ ಎಂದುಕೊಂಡಿದ್ದೀರಿ. ಮನೆಗೆ ಬಂದವರಿಗೆಲ್ಲ ನಿಮ್ಮಪ್ಪ ಹೇಳುವುದನ್ನು ಕೇಳಿದ್ದೀರಿ. "ಇವಳು ಒಂದ್ಸಲ ಲೇನ್ ನೋಡ್ದೆ ನುಗ್ಗಿಬಿಟ್ಳು" ಎನ್ನುತ್ತಾನೆ. ಬಂದವರು ನಗುತ್ತಾರೆ, ನಿಮ್ಮಮ್ಮನೂ ನಗುತ್ತಾಳೆ. ಆ ದಿನ ಆ ಬಾಗಿಲಿಗೆ ಅಂಟಿಕೊಂಡು ಕೂತಿದ್ದವಳು ನಾನು. ನಾನು ಕಂಡದ್ದನ್ನು ಯಾರೂ ಪೂರ್ತಿ ಕೇಳಲಿಲ್ಲ, ನಾನೂ ಪೂರ್ತಿ ಹೇಳಲಿಲ್ಲ. ನಾಲ್ಕು ಜನರ ಮುಂದೆ ನನಗೆ ಬಾಯಿ ಬರುವುದಿಲ್ಲ. ಬರೆಯಲು ಸ್ವಲ್ಪ ಬರುತ್ತದೆ.

ನನ್ನದು ಹಳ್ಳಿಯ ಶಾಲೆ, ಏಳನೇ ಕ್ಲಾಸಿನವರೆಗೆ. ಮದುವೆಯಾಗಿ ಬಂದ ಮೇಲೆ ಈ ಬೆಂಗಳೂರನ್ನು ನೋಡಿದ್ದೆಲ್ಲ ನಿಮ್ಮ ತಾತನ ಸ್ಕೂಟರಿನ ಹಿಂದೆ, ಒಂದೇ ಕಡೆ ಕಾಲು ಇಳಿಬಿಟ್ಟು ಕೂತು. ಹಾಗಾಗಿ ಜಯನಗರವಾಗಲಿ, ಜೆ.ಪಿ. ನಗರವಾಗಲಿ, ನನಗೆ ಎಡಭಾಗ ಮಾತ್ರ ಚೆನ್ನಾಗಿ ಗೊತ್ತು. ಬಲಗಡೆ ಏನಿದೆ ಎಂದು ಅವರು ಹೋದ ಮೇಲೆ ನಿಮ್ಮಮ್ಮನ ಕಾರಿನಲ್ಲಿ ಕೂತಾಗಲೇ ತಿಳಿದದ್ದು.

ನಮ್ಮ ಊರಿನಲ್ಲಿ ರಸ್ತೆಗೆ ಎಷ್ಟು ಸಾಲು ಎಂಬ ಪ್ರಶ್ನೆಯೇ ಇರಲಿಲ್ಲ. ಗಾಡಿಯ ಚಕ್ರ ಸವೆಸಿದ ಎರಡು ಕೊರಕಲು, ನಡುವೆ ಹುಲ್ಲು. ಎದುರುಬದುರು ಗಾಡಿ ಬಂದರೆ ಖಾಲಿ ಗಾಡಿಯವನು ಹೊಲದ ಕಡೆಗೆ ಇಳಿಸಿಕೊಳ್ಳಬೇಕು, ಹೇರು ತುಂಬಿದ ಗಾಡಿ ದಾರಿಯಲ್ಲೇ ಹೋಗಬೇಕು. ಅದಕ್ಕಾಗಿ ಯಾರೂ ಜಗಳವಾಡಿದ್ದು ನಾನು ಕಾಣೆ. ಇಲ್ಲಿ ಪ್ರತಿಯೊಬ್ಬರೂ ತಮ್ಮದೇ ತುಂಬಿದ ಗಾಡಿ ಎಂದುಕೊಂಡು ಮನೆಯಿಂದ ಹೊರಡುತ್ತಾರೆ.

ಅದು ಆಷಾಢ. ಬೆಳಿಗ್ಗೆ ನಿಮ್ಮನ್ನು ಶಾಲೆಗೆ ಬಿಟ್ಟು, ನನ್ನನ್ನು ಬನಶಂಕರಿ ದೇವಸ್ಥಾನದ ಹತ್ತಿರ ಇಳಿಸಿ, ಆಮೇಲೆ ನಿಮ್ಮಮ್ಮ ಕೈಕಾಲು ನೋವಿನವರಿಗೆ ವ್ಯಾಯಾಮ ಮಾಡಿಸುವ ತನ್ನ ಕ್ಲಿನಿಕ್ಕಿಗೆ ಹೋಗುವುದು ವಾಡಿಕೆ. ಮೊದಲಿನ ದಾರಿಯನ್ನು ಪೈಪಿಗಾಗಿ ಅಗೆದಿದ್ದರಿಂದ ಮಾಘಮಾಸದಿಂದಲೇ ಅವಳು ದೊಡ್ಡ ಕಲ್ಯಾಣ ಮಂಟಪದ ಮುಂದಿನ ರಸ್ತೆ ಹಿಡಿದಿದ್ದಳು. ನಡುವೆ ಡಿವೈಡರ್ ಇರುವ ರಸ್ತೆ. ಹೊಸದಾಗಿ ಡಾಂಬರು ಹಾಕಿದವರು ಬಿಳಿ ಗೆರೆ ಬಳಿದಿರಲಿಲ್ಲ. ಕಪ್ಪಗೆ, ಅಳಿಸಿದ ಸ್ಲೇಟಿನಂತೆ ಇತ್ತು.

ನಾನು ಅಭ್ಯಾಸದಂತೆ ಎಡಕ್ಕೆ ನೋಡುತ್ತಿದ್ದೆ. ಮಂಟಪದ ಗೇಟಿಗೆ ಬಾಳೆಕಂಬವಿಲ್ಲ, ಚಪ್ಪರವಿಲ್ಲ. ಆಷಾಢದಲ್ಲಿ ಮದುವೆ ಯಾರು ಮಾಡುತ್ತಾರೆ ಎಂದುಕೊಳ್ಳುವಷ್ಟರಲ್ಲಿ ನನ್ನ ಪಕ್ಕದ ಕನ್ನಡಿ ಟಪ್ ಎಂದು ಒಳಕ್ಕೆ ಮಡಚಿಕೊಂಡಿತು. ಬಾಗಿಲುದ್ದಕ್ಕೂ ತಗಡು ಉಜ್ಜಿದ ಶಬ್ದ. ಬೂದು ಬಣ್ಣದ ದೊಡ್ಡ ಕಾರು ನನ್ನ ಮೊಣಕೈ ಪಕ್ಕದಲ್ಲಿ ನಿಂತಿತ್ತು. ಅದು ಎಲ್ಲಿಂದ ಬಂತೋ ನನಗೆ ಕಾಣಲಿಲ್ಲ.

ಅದರಿಂದ ಇಳಿದವನು ಇಸ್ತ್ರಿ ಮಾಡಿದ ಅಂಗಿಯ, ಕೊರಳಲ್ಲಿ ಆಫೀಸಿನ ಪಟ್ಟಿ ಹಾಕಿಕೊಂಡಿದ್ದ ಮನುಷ್ಯ.

"ಏನ್ ಮೇಡಂ, ನನ್ನ ಲೇನಿಗೆ ಬಂದ್ಬಿಟ್ರಲ್ಲ."

"ಯಾವ ಲೇನು ಸಾರ್? ಇಲ್ಲಿರೋದೇ ಎರಡು. ನಾನು ಎಡಗಡೇದ್ರಲ್ಲೇ ಇದ್ದೆ. ನೀವೆಲ್ಲಿಂದ ಹುಟ್ಟಿದ್ರಿ?"

"ಎರಡಾ? ಮೂರಿದೆ ಮೇಡಂ. ನಾನು ನನ್ನ ಪಾಡಿಗೆ ನೆಟ್ಟಗೆ ಬರ್ತಿದ್ದೆ."

ಅಷ್ಟರಲ್ಲಿ ಜನ ಸೇರಿದರು. ಹಿಂದೆ ಸಿಕ್ಕಿಕೊಂಡಿದ್ದ ಆಟೋದವನು ತಲೆ ಹೊರಗೆ ಹಾಕಿ, "ಗುರು, ಇದು ಮೂರೂವರೆ ಲೇನು. ಆ ಅರ್ಧ ನಂದು, ಬಿಟ್ಕೊಡಿ ಹೋಗ್ತೀನಿ" ಎಂದ. ತರಕಾರಿ ಚೀಲ ಹಿಡಿದಿದ್ದ ಹಿರಿಯರೊಬ್ಬರು, "ನಾನು ಈ ಏರಿಯಾಗೆ ಬಂದಾಗ್ಲಿಂದ ಇದು ಎರಡೇ ಕಣ್ರೀ. ಇಲ್ಲೆಲ್ಲ ಮರ ಇತ್ತು" ಎಂದರು.

"ಈಗ ಮರ ಎಲ್ಲಿದೆ ಅಂಕಲ್?" ಎಂದು ಹೆಲ್ಮೆಟ್ಟಿನವನೊಬ್ಬ ಕೇಳಿದ. "ಮರ ಕಡಿದ್ರೆ ಲೇನು ಬರತ್ತೆ. ಆಂಟಿ ಇನ್ನೂ ಮರ ಇದೆ ಅನ್ಕೊಂಡು ಓಡಿಸ್ತಿದಾರೆ."

ನಿಮ್ಮಮ್ಮನ ಕಿವಿ ಕೆಂಪಾಯಿತು. ಆಗ ಯಾರೋ ಹೇಳಿದರು, "ಅಜ್ಜಿ ಆ ಕಡೆನೇ ಕೂತಿದ್ರಲ್ಲ, ಅಜ್ಜೀನೇ ಕೇಳಿ." ಕಿಟಕಿಯ ತುಂಬ ಮುಖಗಳು. ನಾನು ಸೆರಗು ಎಳೆದುಕೊಂಡು ತೊಡೆಯ ಮೇಲಿದ್ದ ಹೂವಿನ ಪೊಟ್ಟಣ ನೋಡುತ್ತ ಕೂತೆ.

ಸಂಜೆ ಆ ಮನುಷ್ಯ ಮನೆಗೇ ಬಂದ. ವಿಳಾಸ ಹೇಗೆ ಸಿಕ್ಕಿತು ಎಂದು ನನಗೆ ಗುಮಾನಿ. ರಸ್ತೆಯಲ್ಲಿ ನಿಮ್ಮಮ್ಮ ಕೊಟ್ಟ ನಂಬರಿಗೆ ಅವನು ಫೋನು ಮಾಡಿದಾಗ ನಿಮ್ಮಪ್ಪನೇ ಹೇಳಿದ್ದನೆಂದು ಆಮೇಲೆ ತಿಳಿಯಿತು. ಬಂದವನು ತನ್ನ ಕಾರಿನ ಕ್ಯಾಮೆರಾದ ವಿಡಿಯೊ ತೋರಿಸಿದ. ಅದರಲ್ಲಿ ಅವನ ಮುಂದೆ ಖಾಲಿ ರಸ್ತೆ, ಬಲಗಡೆಯಿಂದ ನಮ್ಮ ಕಾರು ಹತ್ತಿರ ಹತ್ತಿರ ಬರುತ್ತದೆ. ವಿಡಿಯೊ ಶುರುವಾಗುವ ಹೊತ್ತಿಗೇ ಅವನು ನಮ್ಮ ಪಕ್ಕಕ್ಕೆ ಬಂದಾಗಿತ್ತು. ಅದಕ್ಕೆ ಮುಂಚಿನದು ಎಲ್ಲಿ ಹೋಯಿತು? ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದ ನಾನು ಕೇಳಬೇಕೆಂದುಕೊಂಡೆ, ಕೇಳಲಿಲ್ಲ. ಅವನು ನಿಮ್ಮಮ್ಮ ಮಾಡಿಕೊಟ್ಟ ಕಾಫಿ ಕುಡಿಯುತ್ತಲೇ ನಿಮ್ಮಪ್ಪನಿಗೆ ಹೇಳಿದ, "ತಪ್ಪು ತಿಳ್ಕೋಬೇಡಿ ಸಾರ್. ಚಿಕ್ಕಮಕ್ಕಳಿರೋ ಮನೆ. ಸ್ವಲ್ಪ ದಿನ ಅವರ ಕೈಗೆ ಗಾಡಿ ಕೊಡ್ಬೇಡಿ."

ಅವನು ಹೋದ ಮೇಲೆ ನಿಮ್ಮಪ್ಪ ಗೋಡೆಯ ಮೊಳೆಯಿಂದ ಕಾರಿನ ಕೀ ತೆಗೆದು ಜೇಬಿಗೆ ಹಾಕಿಕೊಂಡ. ಬೈಯಲಿಲ್ಲ, ವಾದ ಮಾಡಲಿಲ್ಲ. "ಸದ್ಯಕ್ಕೆ ನಾನೇ ಇಟ್ಕೊಂಡಿರ್ತೀನಿ" ಎಂದ, ಅಷ್ಟೆ.

ನಿಮಗೆ ಶಾಲೆಯ ವ್ಯಾನು ಗೊತ್ತುಮಾಡಿದರು, ನಿಮಗದೇ ಖುಷಿ. ನಿಮ್ಮಮ್ಮ ಮೆಟ್ರೋ ಹತ್ತಿ ಕ್ಲಿನಿಕ್ಕಿಗೆ ಹೋಗತೊಡಗಿದಳು. ಇದರಲ್ಲಿ ನಿಂತುಹೋದದ್ದು ಒಂದೇ, ಅದನ್ನು ಯಾರೂ ಬಾಯಿಬಿಟ್ಟು ಹೇಳಲಿಲ್ಲ. ಮಂಡಿ ಹಿಡಿದುಕೊಂಡು ಮನೆಯಲ್ಲೇ ಉಳಿದಿದ್ದ ನಿಮ್ಮ ಚಿಕ್ಕಲಸಂದ್ರದ ಅಜ್ಜಿಯ ಹತ್ತಿರ ನಿಮ್ಮಮ್ಮ ಕೆಲಸ ಮುಗಿಸಿ ವಾರಕ್ಕೆ ಎರಡು ಮೂರು ಸಲ ಹೋಗಿ, ಕಾಲಿಗೆ ವ್ಯಾಯಾಮ ಮಾಡಿಸಿ, ನೀವು ಊಟಕ್ಕೆ ಕೂರುವಷ್ಟರಲ್ಲಿ ವಾಪಸು ಬರುತ್ತಿದ್ದಳು. ಕಾರಿಲ್ಲದೆ ಅದು ಆಗುವಂತಿರಲಿಲ್ಲ. ಬೇರೆಯವರ ಅಮ್ಮಂದಿರ ಮಂಡಿ ಒತ್ತಿ ಬಂದು ತನ್ನ ಅಮ್ಮನಿಗೆ ಫೋನಿನಲ್ಲಿ, "ಕಾಲು ಎತ್ತಿದ್ಯಾ? ಸುಳ್ಳು ಹೇಳ್ಬೇಡ" ಎಂದು ಕೇಳುತ್ತಿದ್ದಳು.

ನನಗೆ ಎಲ್ಲರ ಮೇಲೂ ಅನುಮಾನ ಹತ್ತಿತು. ಆ ಮನುಷ್ಯನ ಮೇಲಂತೂ ಸರಿ. ಕೀ ಜೇಬಿಗೆ ಸೇರಿದ್ದರಿಂದ ನಿಮ್ಮಪ್ಪನಿಗೂ ಆಫೀಸಿಗೆ ಕಾರು ಸಿಕ್ಕಿತಲ್ಲ ಎಂದು ಅವನ ಮೇಲೆ. ಕೊನೆಗೆ ನಿಮ್ಮಮ್ಮನ ಮೇಲೂ. ಆ ಹೊತ್ತಿನಲ್ಲಿ ಸ್ಟೇರಿಂಗಿನ ಪಕ್ಕದ ಫೋನು ಬೆಳಗಿತ್ತೇ? ಅವಳು ಅದರ ಕಡೆ ನೋಡಿದಳೇ? ಒಂದು ದಿನ ಹುರುಳಿಕಾಯಿ ಬಿಡಿಸುತ್ತಿದ್ದಾಗ ಅವಳೇ ಕೇಳಿದಳು.

"ಅತ್ತೆ, ನೀವು ನೋಡಿದ್ರಿ ತಾನೆ? ನಾನು ಎಡಕ್ಕೆ ಹೋದೆನಾ?"

"ನಾನು ಗೇಟು ನೋಡ್ತಿದ್ದೆ ಕಣಮ್ಮ."

"ಸರಿ ಬಿಡಿ" ಎಂದು ಅರ್ಧ ಬಿಡಿಸಿದ ಕಾಯಿ ಬಿಟ್ಟು ಎದ್ದುಹೋದಳು. ನಾನು ಅವಳನ್ನು ನಂಬುವುದಿಲ್ಲ ಎಂದು ತಿಳಿದುಕೊಂಡಳು. ಅದು ಪೂರ್ತಿ ಸುಳ್ಳೂ ಆಗಿರಲಿಲ್ಲ.

ಆಮೇಲೆ ದೇವಸ್ಥಾನಕ್ಕೆ ಬಸ್ಸಿನಲ್ಲಿ ಹೋಗಿ ಬರುವಾಗ ಮಂಟಪದ ಎದುರಿನ ನಿಲ್ದಾಣದಲ್ಲಿ ಇಳಿದು ಅಲ್ಲಿಯ ಬೆಂಚಿನ ಮೇಲೆ ಕೂರತೊಡಗಿದೆ. ಮುದುಕಿ ಬಸ್ಸಿಗೆ ಕಾದಿದ್ದಾಳೆ ಎಂದು ಯಾರೂ ಮಾತಾಡಿಸುತ್ತಿರಲಿಲ್ಲ. ಗೆರೆಯಿಲ್ಲದ ರಸ್ತೆಯಲ್ಲಿ ಇವರು ಎಷ್ಟು ಸಾಲು ಎಂದು ಹೇಗೆ ತೀರ್ಮಾನಿಸುತ್ತಾರೆ ಎಂಬುದೊಂದೇ ನನಗೆ ಬೇಕಿತ್ತು.

ಸಿಗ್ನಲ್ಲಿನಲ್ಲಿ ಮೊದಲು ಬಂದು ನಿಂತವನೇ ತೀರ್ಮಾನಿಸುತ್ತಾನೆ. ಬಸ್ಸು ಮೊದಲು ಬಂದರೆ ಅದರ ಪಕ್ಕ ಒಂದು ಕಾರು, ಅಲ್ಲಿಗೆ ಎರಡು ಸಾಲು. ಆಟೋಗಳು ಮೊದಲು ಬಂದರೆ ಅವುಗಳ ಮುಂದಿನ ಚಕ್ರ ಎಲ್ಲೆಲ್ಲಿ ತೂರುತ್ತದೋ ಅಲ್ಲೆಲ್ಲ ಸಾಲು. ಹಿಂದಿನವರು ರಸ್ತೆಯನ್ನು ನೋಡುವುದೇ ಇಲ್ಲ, ಮುಂದಿನವನ ಕೆಂಪು ದೀಪದ ಹಿಂದೆ ಹೋಗಿ ನಿಲ್ಲುತ್ತಾರೆ. ಮಳೆ ಬಂದು ಅಂಚಿನಲ್ಲಿ ನೀರು ನಿಂತರೆ ಒಂದು ಸಾಲು ಕಡಿಮೆ, ನೀರಿನ ಕೆಳಗೆ ಗುಂಡಿ ಇದೆಯೋ ಏನೋ ಎಂಬ ಭಯ. ಹೂವಿನವಳು ಬುಟ್ಟಿಯನ್ನು ಹಿಂದಕ್ಕೆ ಎಳೆದುಕೊಂಡರೆ ಆ ಜಾಗಕ್ಕೆ ಕೂಡಲೇ ಒಂದು ಬೈಕು ಬರುತ್ತದೆ, ಅದರ ಬೆನ್ನಿಗೆ ಇನ್ನೊಂದು, ಅಲ್ಲಿಗೆ ಅದೂ ಸಾಲು. ನಗರ ಕಟ್ಟಿದವರು ಬಿಟ್ಟ ಸಾಲು ಎಷ್ಟೋ ಯಾರಿಗೂ ಬೇಕಿರಲಿಲ್ಲ. ಎಲ್ಲರೂ ಒಬ್ಬರ ಬೆನ್ನನ್ನು ನೋಡಿ ಇನ್ನೊಬ್ಬರು ಎಣಿಸುತ್ತಿದ್ದರು, ಮತ್ತು ಪ್ರತಿಯೊಬ್ಬರೂ ಪಕ್ಕದವನನ್ನು ಕಳ್ಳನನ್ನು ನೋಡಿದಂತೆ ನೋಡುತ್ತಿದ್ದರು.

ಇದರಿಂದ ನನಗೆ ಏನೂ ಸಿಗಲಿಲ್ಲ. ಶ್ರಾವಣ ಬಂದ ಮೇಲೆ ಒಂದು ಬೆಳಿಗ್ಗೆ ಹೋಗಿ ನೋಡಿದರೆ ಮಂಟಪದ ಗೇಟಿಗೆ ಬಾಳೆಕಂಬ, ಓಲಗ, ಗೇಟಿನ ಆಚೆ ಈಚೆ ಮದುವೆಗೆ ಬಂದವರ ಕಾರುಗಳು ಒತ್ತಾಗಿ ನಿಂತಿವೆ. ರಸ್ತೆಯಲ್ಲಿ ಎರಡೇ ಸಾಲು, ಒಬ್ಬನೂ ಮೂರನೆಯದಕ್ಕೆ ಕೈಹಾಕಲಿಲ್ಲ. ಮದುವೆಯಿಲ್ಲದ ದಿನ ಅಲ್ಲಿ ಒಂದು ಕಾರೂ ಇರುವುದಿಲ್ಲ. ಮಂಟಪ ಬರುವ ಮುಂಚೆಯೂ ದಾಟಿದ ಮೇಲೂ ಅಂಗಡಿಗಳ ಮುಂದೆ ನಿಂತ ಕಾರುಗಳ ಸಾಲು ಇದೆ, ನಡುವೆ ಮಂಟಪದ ಅಗಲಕ್ಕೆ ಮಾತ್ರ ಹಲ್ಲು ಬಿದ್ದ ಜಾಗ. ಹಿಂದಿನಿಂದ ಬರುವವನಿಗೆ ಅದು ಹೊಸ ಸಾಲಿನಂತೆ ಕಾಣುತ್ತದೆ. ಹತ್ತು ಮಾರು ಹೋಗುವಷ್ಟರಲ್ಲಿ ಮುಗಿದೂ ಹೋಗುತ್ತದೆ.

ಧೈರ್ಯ ಮಾಡಿ ರಸ್ತೆ ದಾಟಿ ವಾಚ್‌ಮನ್ನನ್ನು ಕೇಳಿದೆ. "ಆಷಾಢದಲ್ಲಿ ಇಲ್ಲಿ ಬೇರೆಯವರ ಕಾರು ನಿಲ್ಲಿಸ್ತಾರೇನಪ್ಪ?"

"ನಿಲ್ಲಿಸಿ ನೋಡ್ಲಿ. ಗಾಳಿ ತೆಗೀತೀನಿ" ಎಂದ. ಆಮೇಲೆ ನನ್ನನ್ನು ಅಡಿಯಿಂದ ಮುಡಿವರೆಗೆ ನೋಡಿ, "ಯಾಕಮ್ಮ, ನಿಮ್ದು ಕಾರಿದ್ಯಾ?" ಎಂದ.

ಮಾಘದಿಂದ ಜ್ಯೇಷ್ಠದವರೆಗೆ ಮದುವೆಗಳ ಕಾಲದಲ್ಲಿ ದಿನಾ ಬರುತ್ತಿದ್ದ ನಿಮ್ಮಮ್ಮನಿಗೆ ಅದು ಎರಡು ಸಾಲಿನ ರಸ್ತೆ. ಆಷಾಢದಲ್ಲಿ ಬಂದ ಅವನಿಗೆ ಮೂರು. ಆದರೆ ಆ ಗಳಿಗೆಯಲ್ಲಿ ಅವಳು ಎಡಕ್ಕೆ ವಾಲಿದಳೋ, ಜಾಗ ಮುಗಿಯುತ್ತದೆಂದು ಅವನು ಬಲಕ್ಕೆ ಒತ್ತಿದನೋ, ಅದು ನನಗೆ ಇವತ್ತಿಗೂ ಗೊತ್ತಿಲ್ಲ. ಗೊತ್ತಿದೆ ಎಂದು ಯಾರಾದರೂ ಹೇಳಿದರೆ ನಂಬಬೇಡಿ.

ಮನೆಯಲ್ಲಿ ನಿಮ್ಮಪ್ಪನಿಗೆ ಹೇಳಿದೆ. ಫೋನು ನೋಡುತ್ತಲೇ, "ಪಂಚಾಂಗ ನೋಡ್ಕೊಂಡು ಗಾಡಿ ಓಡ್ಸಕ್ಕಾಗತ್ತೇನಮ್ಮ?" ಎಂದ. ಕೀ ಜೇಬಿನಲ್ಲೇ ಉಳಿಯಿತು.

ಪಿತೃಪಕ್ಷದ ಭಾನುವಾರ ನಿಮ್ಮಪ್ಪ ನಮ್ಮೆಲ್ಲರನ್ನೂ ಚಿಕ್ಕಲಸಂದ್ರಕ್ಕೆ ಕರೆದುಕೊಂಡು ಹೊರಟ. ನಾನು ಮುಂದೆ, ನೀವಿಬ್ಬರೂ ಅಮ್ಮನೂ ಹಿಂದೆ. ಮಂಟಪದ ರಸ್ತೆಗೆ ತಿರುಗಿದಾಗ ನಾನು ಕೇಳಿದೆ, "ಈಗ ಎಷ್ಟು ಲೇನಪ್ಪ?"

"ಎರಡಮ್ಮ. ಯಾಕೆ?"

ಎಡಗಡೆಯಿಂದ ಒಂದು ಸ್ಕೂಟರ್ ತೂರಿಕೊಂಡು ಹೋಯಿತು. "ಅದು?"

"ಅದು ಲೇನಲ್ಲ, ಸಂದು."

"ಸಂದಿಗೂ ಲೇನಿಗೂ ಏನು ವ್ಯತ್ಯಾಸ?"

"ನನ್ನ ಕಾರು ಹಿಡಿಸಿದ್ರೆ ಲೇನು."

ಹಿಂದೆ ಕೂತಿದ್ದ ನಿಮ್ಮಮ್ಮ ಮುಂದಕ್ಕೆ ಬಾಗಿದಳು. ಮುಂದೆ ನೀರಿನ ಟ್ಯಾಂಕರ್ ತೆವಳುತ್ತಿತ್ತು. ಪಕ್ಷಮಾಸ, ಮದುವೆಯಿಲ್ಲ, ಮಂಟಪದ ಮುಂದೆ ಖಾಲಿ. ನಿಮ್ಮಪ್ಪ ತಿರುಗುವ ದೀಪ ಹಾಕದೆ ಸುಮ್ಮನೆ ಎಡಕ್ಕೆ ಜಾರಿಸಿ ಟ್ಯಾಂಕರನ್ನು ಹಿಂದೆ ಹಾಕಿದ. ಅಷ್ಟರಲ್ಲಿ ಅಂಗಡಿಯ ಮುಂದಿನ ಕಾರುಗಳು ಬಂದುಬಿಟ್ಟವು. ಬ್ರೇಕು ಒತ್ತಿ ಬಲಕ್ಕೆ ನುಗ್ಗಿದ. ನಾನು ಡ್ಯಾಶ್‌ಬೋರ್ಡು ಹಿಡಿದುಕೊಂಡೆ. ಪಕ್ಕದ ಟ್ಯಾಕ್ಸಿಯವನು ಗಾಜು ಇಳಿಸಿದ.

"ಅಣ್ಣ, ಲೇನ್ ನೋಡ್ಕೊಂಡ್ ಬನ್ನಿ."

"ಇದು ನನ್ನ ಲೇನೇ ಗುರು" ಎಂದ ನಿಮ್ಮಪ್ಪ.

ಪುಟ್ಟಿ, ನಿನಗೆ ನೆನಪಿರಲಾರದು, ಹಿಂದಿನಿಂದ ನೀನು ಕೇಳಿದೆ: "ಅಪ್ಪ, ಈಗ ಎಷ್ಟು ಲೇನು?" ಅವನು ಕನ್ನಡಿ ಸರಿಮಾಡಿಕೊಂಡ. ಚಿಕ್ಕಲಸಂದ್ರ ಬರುವವರೆಗೂ ಮುಂದಿನ ಗಾಡಿಯ ಬೆನ್ನು ಬಿಟ್ಟು ಕದಲಲಿಲ್ಲ.

ನಿಮ್ಮ ಅಜ್ಜಿಯ ಮನೆಯಿಂದ ಹೊರಡುವಾಗ ನಿಮ್ಮಪ್ಪ ಕೀಯನ್ನು ನಿಮ್ಮಮ್ಮನ ಮುಂದೆ ಹಿಡಿದ. "ನೀನೇ ಓಡ್ಸು. ನಂಗೆ ಕಾಲು ನೋವು."

ಅವಳು ಕೀ ತೆಗೆದುಕೊಳ್ಳದೆ ಅವನನ್ನೇ ನೋಡಿದಳು. "ಯಾವ ಕಾಲು?"

"ಎಡಗಾಲು."

"ಕೂತ್ಕೊಳ್ಳಿ ನೋಡೋಣ." ಅಲ್ಲೇ ಜಗುಲಿಯ ಮೇಲೆ ಕೂರಿಸಿ ಮಂಡಿ ಒತ್ತಿದಳು. "ಇಲ್ಲಿ ನೋಯತ್ತಾ? ಇಲ್ಲಿ?"

ಅವನು ಎಲ್ಲದಕ್ಕೂ ಹೂಂ ಎಂದ. ಹಾಗೆ ಎಲ್ಲ ಕಡೆ ನೋಯುವ ಮಂಡಿ ಇರುವುದಿಲ್ಲ ಎಂದು ಅವಳಿಗೆ ಗೊತ್ತು. ಕೀ ತೆಗೆದುಕೊಂಡಳು. ಮನೆಗೆ ಬಂದ ಮೇಲೆ ಅದನ್ನು ಮೊಳೆಗೆ ಹಾಕಲಿಲ್ಲ, ತನ್ನ ಚೀಲದೊಳಗೆ ಹಾಕಿಕೊಂಡಳು. ಅವನು ಕೇಳಲೂ ಇಲ್ಲ. ಆ ವಾರದಿಂದಲೇ ಅವಳು ಮತ್ತೆ ಅವಳ ಅಮ್ಮನ ಮನೆಗೆ ಹೋಗಿ ಬರತೊಡಗಿದಳು. ದೇವಸ್ಥಾನಕ್ಕೆ ಹೋಗುವಾಗ ಮಂಟಪ ಹತ್ತಿರ ಬಂದರೆ ಈಗ ನಾನು ಬಾಯಿ ತೆಗೆದು ಹೇಳುತ್ತೇನೆ: "ಇವತ್ತು ಮದುವೆ ಇಲ್ಲ, ಎಡಗಡೆ ಯಾರಾದ್ರೂ ಬರ್ತಾರೆ." ಅವಳು, "ನೋಡ್ತಿದೀನಿ ಅತ್ತೆ" ಎನ್ನುತ್ತಾಳೆ. ನಿಜವಾಗಿ ನೋಡುತ್ತಿದ್ದಾಳೆಯೇ ಎಂದು ನಾನು ಅವಳ ಕಣ್ಣು ನೋಡುತ್ತೇನೆ.

ಬಂದವರ ಮುಂದೆ ನಿಮ್ಮಪ್ಪ ಇನ್ನೂ ಆ ಕತೆಯನ್ನು ಹಾಗೇ ಹೇಳುತ್ತಾನೆ. ನಿಮ್ಮಮ್ಮ ನಗುವಾಗ ನನ್ನ ಕಡೆ ನೋಡುವುದಿಲ್ಲ. ಹೇಳುತ್ತ ಹೇಳುತ್ತ ಅದೇ ನಿಜವೆಂದು ನಿಲ್ಲುತ್ತದೆ. ಅದಕ್ಕೇ ಈ ಹಾಳೆಗಳನ್ನು ನಿಮ್ಮಿಬ್ಬರ ಕೈಗೆ ಕೊಡುತ್ತಿದ್ದೇನೆ. ಹರಿಯದಂತೆ, ನೆನೆಯದಂತೆ ಇಟ್ಟುಕೊಳ್ಳಿ. ಕಾರಿನ ಮುಂದಿನ ಸೀಟಿನೆದುರಿನ ಡಬ್ಬದಲ್ಲಿ ಮಾತ್ರ ಇಡಬೇಡಿ, ನಿಮ್ಮಪ್ಪ ಇದರಲ್ಲೇ ಗಾಜು ಒರೆಸಿಬಿಡುತ್ತಾನೆ.